ನಾಕಾಣೆಯ ಕಾಗದ

ನನ್ನ ಮುಂದೆ ಹೊರಸಿನ ಮೇಲೆ ಎರಡು ಕಾಗದಗಳಿವೆ. ಒಂದು ಹೊಚ್ಚ ಹೊಸದು. ದಪ್ಪ ಹಾಳೆ, ನುಣುಪು, ಬಣ್ಣದ ಫೋಟೋಗಳು. ಇನ್ನೊಂದು ಹಳದಿ ತಿರುಗಿದ್ದು, ಮಡಿಕೆ ಮಡಿಕೆಯಲ್ಲೂ ಹರಿದದ್ದು, ಜೋರಾಗಿ ಹಿಡಿದರೆ ಪುಡಿಯಾಗುವಂಥದ್ದು. ಹೊಸದು ಅಮೆರಿಕಾದ ಒಂದು ಬೇಸ್‌ಬಾಲ್ ಸ್ಟೇಡಿಯಮ್ಮಿನದು. ಹಳೆಯದು 1970ರ ಸೊಲ್ಲಾಪುರದ ಕುಸ್ತಿ ಮೈದಾನದ್ದು. ಎರಡೂ ಆಟ ನೋಡಲು ಹೋದವರು ಬಾಗಿಲಲ್ಲಿ ರೊಕ್ಕ ಕೊಟ್ಟು ಕೊಂಡ ಕಾಗದಗಳು. ಎರಡರಲ್ಲೂ ಇರುವುದು ಒಂದೇ: ಯಾರು ಆಡುತ್ತಾರೆ, ಯಾರ ಮೇಲೆ ಆಡುತ್ತಾರೆ ಎಂಬ ಹೆಸರಿನ ಪಟ್ಟಿ.

ಹೊಸದನ್ನು ತಂದವನು ನನ್ನ ತಮ್ಮನ ಮಗ. ಅಲ್ಲಿ ಕಂಪ್ಯೂಟರ್ ಕೆಲಸದಲ್ಲಿದ್ದಾನೆ. ಏಪ್ರಿಲ್ 14ರಂದು ಅಲ್ಲಿರುವ ನಮ್ಮ ಮಂದಿ ಒಂದು ಮನೆಯಲ್ಲಿ ಸೇರಿ ಬಾಬಾಸಾಹೇಬರ ಜಯಂತಿ ಮಾಡಿದರಂತೆ. ಮರುದಿನ ಕೆಲಸದ ಗೆಳೆಯರು ಇವನನ್ನು ಆಟಕ್ಕೆ ಕರೆದುಕೊಂಡು ಹೋದರಂತೆ.

"ದೊಡ್ಡಪ್ಪ, ಈಗ ಅಲ್ಲಿ ಎಲ್ಲಾ ಮೊಬೈಲಿನ್ಯಾಗ ನೋಡತಾರ. ಕಾಗದದ್ದು ಮಾರೂದು ಎಷ್ಟೋ ಕಡೆ ಬಿಟ್ಟಾರ. ಅಲ್ಲಿ ಬಾಗಲದಾಗ ಒಬ್ಬ ಮುದುಕ ಮಾರಕೋತ ನಿಂತಿದ್ದ. ನಿನ್ನ ಟ್ರಂಕಿನ್ಯಾಗಿನ ಹ್ಯಾಂಡಬಿಲ್ ನೆಪ್ಪಾತು. ಐದು ಡಾಲರ ಕೊಟ್ಟು ತಗೊಂಡೆ" ಅಂದ.

ನಾನು ಕೇಳಿದ ಮೊದಲ ಮಾತು ಇದು: "ಆ ಮುದುಕ ನಿನ್ನ ಕೈಯಾಗ ಕೊಟ್ಟನೋ, ಮ್ಯಾಲಿಂದ ಒಗದನೋ?"

ಹುಡುಗ ನಕ್ಕುಬಿಟ್ಟ. ನನ್ನ ಪ್ರಶ್ನೆಯೇ ಅವನಿಗೆ ಅರ್ಥವಾಗಲಿಲ್ಲ. ಅರ್ಥವಾಗದೆ ಇರುವುದು ಒಳ್ಳೆಯದೇ. ಆದರೆ ಅದು ಅರ್ಥವಾಗದಷ್ಟು ದೂರ ನಾವು ಹೇಗೆ ನಡೆದು ಬಂದೆವು ಎಂಬುದನ್ನು ಯಾರಾದರೂ ಹೇಳಬೇಕಲ್ಲ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

*

ನಮ್ಮದು ಝಳಕಿಯ ಸುತ್ತಿನ ಒಂದು ಸಣ್ಣ ಹಳ್ಳಿ. ಝಳಕಿ ವಿಜಾಪುರದಿಂದ ಸೊಲ್ಲಾಪುರಕ್ಕೆ ಹೋಗುವ ಹೆದ್ದಾರಿಯ ಮೇಲಿನ ಊರು. ಅಲ್ಲಿ ಬಸ್ಸು ಹತ್ತಿ ಬಡಗು ದಿಕ್ಕಿಗೆ ಹೋದರೆ ಧೂಳಖೇಡದ ಹತ್ತಿರ ಭೀಮಾ ಹೊಳೆ, ಹೊಳೆ ದಾಟಿದರೆ ಮಹಾರಾಷ್ಟ್ರ. ನಮ್ಮ ಕಡೆಯವರಿಗೆ ದೊಡ್ಡ ಊರು ಅಂದರೆ ಬೆಂಗಳೂರಲ್ಲ, ಸೊಲ್ಲಾಪುರ. ಗಿರಣಿ ಕೆಲಸ ಅಲ್ಲಿ, ದವಾಖಾನೆ ಅಲ್ಲಿ, ಮದುವೆಯ ಜವಳಿ ಅಲ್ಲಿ. ಬಿಳಿಜೋಳದ ಸೀಮೆ ನಮ್ಮದು. ಮಳೆ ಕೈಕೊಟ್ಟ ವರ್ಷ ಕೇರಿಗೆ ಕೇರಿಯೇ ಗಂಟು ಕಟ್ಟಿಕೊಂಡು ಹೊಳೆ ದಾಟುತ್ತಿತ್ತು.

ಊರ ಜಾತ್ರೆಯ ಎರಡನೆಯ ದಿನ ಕುಸ್ತಿ. ಎಂಟು ದಿನ ಮೊದಲೇ ಹ್ಯಾಂಡಬಿಲ್ಲು ಬರುತ್ತಿದ್ದವು. ಗುಲಾಬಿ, ಹಳದಿ, ಹಸಿರು ಬಣ್ಣದ ತೆಳು ಕಾಗದ. ತಲೆಯ ಮೇಲೆ ಊರ ದೇವರು ಪ್ರಸನ್ನ. ಅದರ ಕೆಳಗೆ ದಪ್ಪ ಅಕ್ಷರದಲ್ಲಿ 'ಜಂಗೀ ನಿಕಾಲಿ ಕುಸ್ತಿಗಳು'. ನಿಕಾಲಿ ಅಂದರೆ ಒಬ್ಬನ ಬೆನ್ನು ಮಣ್ಣಿಗೆ ಹತ್ತುವ ತನಕ ಬಿಡದ ಕುಸ್ತಿ. ಮುಂದೆ ಒಂದನೇ ನಂಬರ ಜೋಡಿ, ಎರಡನೇ ನಂಬರ ಜೋಡಿ. ಇಂಥ ಊರಿನ ಪೈಲವಾನ, ಇಂಥ ವಸ್ತಾದನ ಶಿಷ್ಯ. ಇನಾಮು ಇಷ್ಟು, ಬೆಳ್ಳಿ ಕಡೆ ಕೊಡುವವರು ಇಂಥವರು, ಫೇಟಾ ಸುತ್ತುವವರು ಇಂಥವರು. ಕೊನೆಗೆ ಕಮಿಟಿಯವರ ಹೆಸರು. ಕಮಿಟಿಯ ತೀರ್ಮಾನವೇ ಅಂತಿಮ.

ಅದನ್ನು ಹಂಚುವವನು ಸೈಕಲ್ ಮೇಲೆ ಬರುತ್ತಿದ್ದ. ಊರೊಳಗೆ ಕಟ್ಟೆ ಕಟ್ಟೆಗೆ ಇಳಿದು ಕೈಗೆ ಕೊಡುತ್ತಿದ್ದ. "ಬರಬೇಕ್ರಿ ಗೌಡ್ರ, ಈ ಸಲ ಛಲೋ ಜೋಡಿ ಅದಾವ" ಎಂದು ಎರಡು ಮಾತಾಡುತ್ತಿದ್ದ. ನಮ್ಮ ಕೇರಿಯ ಬಾಯಿಗೆ ಬಂದಾಗ ಸೈಕಲ್ ಇಳಿಯುತ್ತಿರಲಿಲ್ಲ. ಒಂದು ಹಿಡಿ ಕಾಗದ ಗಾಳಿಗೆ ತೂರಿ ಹೋಗುತ್ತಿದ್ದ. ಊರಿಗೆ ಕೈಯಿಂದ, ಕೇರಿಗೆ ಗಾಳಿಯಿಂದ. ನಾವು ಹುಡುಗರು ಕೋಳಿಮರಿಗಳ ಹಾಗೆ ಓಡಿ ಆರಿಸಿಕೊಳ್ಳುತ್ತಿದ್ದೆವು. ಅದರಲ್ಲಿ ಅವಮಾನವಿದೆ ಅಂತ ಆಗ ಯಾರಿಗೆ ಗೊತ್ತಿತ್ತು? ನಮಗದು ಹಬ್ಬ.

ಕೇರಿಯಲ್ಲಿ ಸಾಲಿಗೆ ಹೋಗುತ್ತಿದ್ದವರು ಮೂರು ಮಂದಿ, ತಡೆಯದೆ ಓದುತ್ತಿದ್ದವನು ನಾನೊಬ್ಬ. ರಾತ್ರಿ ಚಿಮಣಿ ಬೆಳಕಿನಲ್ಲಿ ನಾನು ಹ್ಯಾಂಡಬಿಲ್ಲು ಓದಬೇಕು, ಎಲ್ಲರೂ ಕೇಳಬೇಕು. ಹೆಸರುಗಳೆಲ್ಲ ಅವರಿಗೆ ಗೊತ್ತಿದ್ದವೇ. ಬೆಳಗಾವಿ ಜಿಲ್ಲೆಯ ಏಕಸಂಬಾದ ಶ್ರೀಪತಿ ಖಂಚನಾಳೆ 1959ರಲ್ಲಿ ದೇಶದ ಮೊದಲ ಹಿಂದ್ ಕೇಸರಿ ಆದದ್ದು ನಮ್ಮ ಕೇರಿಯ ಮುದುಕರಿಗೂ ಬಾಯಿಪಾಠ. ಚಾದಂಗಡಿಯಲ್ಲಿ ಅವರ ಫೋಟೋ ಇತ್ತು. ನಾವು ಅದನ್ನು ಹೊರಗೆ ನಿಂತೇ ನೋಡಿದ್ದೆವು.

*

ನನ್ನ ಅಪ್ಪ ಹಲಗಿ ಬಾರಿಸುತ್ತಿದ್ದ. ಅವನ ಅಪ್ಪನೂ ಬಾರಿಸುತ್ತಿದ್ದ. ಕುಸ್ತಿ ನೋಡಿದವರಿಗೆ ಗೊತ್ತು, ಹಲಗಿ ಇಲ್ಲದ ಕುಸ್ತಿ ಉಪ್ಪಿಲ್ಲದ ನುಚ್ಚು. ಪೈಲವಾನರು ಲಂಗೋಟಿ ಬಿಗಿದು ಮಣ್ಣಿಗೆ ಇಳಿಯುವಾಗ ಹಲಗಿ ಸಾವಕಾಶ ನಡೆಯುತ್ತದೆ. ಕೈಗೆ ಕೈ ಕೂಡಿದಾಗ ಒಂದು ನಡೆ, ಪಟ್ಟು ಬಿದ್ದಾಗ ಇನ್ನೊಂದು ನಡೆ. ಒಬ್ಬ ಚಿತ್ ಆಗುವ ಹೊತ್ತಿಗೆ ಕೈ ಕಾಣದಷ್ಟು ಜೋರು. ಗೆದ್ದವನನ್ನು ಮೈದಾನದ ಸುತ್ತ ಮೆರೆಸುವಾಗಲೂ ಮುಂದೆ ಹಲಗಿ. ಚರ್ಮ ಸಡಿಲಾದರೆ ದನಿ ಬೀಳುತ್ತದೆ ಎಂದು ಮೈದಾನದ ಮೂಲೆಯಲ್ಲಿ ಕಸಕಡ್ಡಿ ಉರಿ ಮಾಡಿ ಕಾಸಿಕೊಳ್ಳುತ್ತಿದ್ದರು. ಆ ಕಾಸುವ ಕೆಲಸ ನನ್ನದು. ಹಾಗಾಗಿ ಎಷ್ಟೋ ಕುಸ್ತಿಗಳ ಕೊನೆಯನ್ನು ನಾನು ಕಣ್ಣಿಂದ ನೋಡಿಲ್ಲ, ಹೊಗೆಯೊಳಗೆ ಕೂತು ಅಪ್ಪನ ಹಲಗಿಯ ದನಿಯಿಂದಲೇ ತಿಳಿದುಕೊಂಡಿದ್ದೇನೆ.

ನಮ್ಮ ಹುಡುಗರಲ್ಲಿ ಮೈಕಟ್ಟು ಇರಲಿಲ್ಲವೆ? ಇತ್ತು. ಜೋಳದ ಚೀಲ ಹೊತ್ತು, ಕಲ್ಲು ಒಡೆದು ಬೆಳೆದ ಮೈ. ಆದರೆ ಗರಡಿ ಮನೆಯ ಹೊಸ್ತಿಲು ನಮಗಿರಲಿಲ್ಲ. ಬೇರೆ ಆಟಗಳಲ್ಲಿ ದೂರ ನಿಂತು ಆಡಬಹುದೇನೋ. ಕುಸ್ತಿ ಮುಟ್ಟಿ ಆಡುವ ಆಟ. ಮೈಗೆ ಮೈ ಹತ್ತಬೇಕು, ಬೆವರಿಗೆ ಬೆವರು ಕೂಡಬೇಕು. ಮುಟ್ಟಬಾರದವನ ಸಂಗಡ ಕುಸ್ತಿ ಹಿಡಿಯುವುದು ಹ್ಯಾಂಗ? ಹಾಗಾಗಿ ನಮ್ಮ ದನಿ ಮೈದಾನದ ಒಳಗೆ, ನಮ್ಮ ಮೈ ಮೈದಾನದ ಹೊರಗೆ. ನಾವು ಹದ ಮಾಡಿದ ಚರ್ಮದ ಸಪ್ಪಳ ಅವರ ಕಿವಿ ಹೊಕ್ಕರೆ ಮೈಲಿಗೆ ಇಲ್ಲ. ನಮ್ಮ ಕೈ ಅವರ ಕೈಗೆ ಹತ್ತಿದರೆ ಮೈಲಿಗೆ. ಈ ಲೆಕ್ಕ ಯಾವ ಶಾಸ್ತ್ರಿ ಬರೆದನೋ.

ಕುಸ್ತಿಯ ದೊಡ್ಡ ಪೋಷಕರಾಗಿದ್ದ ಕೊಲ್ಲಾಪುರದ ಶಾಹೂ ಮಹಾರಾಜರು ಈ ಲೆಕ್ಕವನ್ನು ಮುರಿಯಲು ನೋಡಿದವರು. ಖಾಸಬಾಗ ಮೈದಾನ ಕಟ್ಟಿಸಿದವರೂ ಅವರೇ. 1902ರಲ್ಲಿ ತಮ್ಮ ಸಂಸ್ಥಾನದ ನೌಕರಿಗಳಲ್ಲಿ ಹಿಂದುಳಿದವರಿಗೆ ನೂರಕ್ಕೆ 50 ಮೀಸಲು ಇಟ್ಟವರೂ ಅವರೇ. ಗಂಗಾರಾಮ ಕಾಂಬಳೆ ಎಂಬ ನಮ್ಮವನು ಚಾದಂಗಡಿ ಇಟ್ಟಾಗ ತಾವೇ ಹೋಗಿ ಎಲ್ಲರೆದುರು ಚಹಾ ಕುಡಿದವರು. 1920ರಲ್ಲಿ ಮಾಣಗಾವಿ ಪರಿಷತ್ತಿನಲ್ಲಿ ತರುಣ ಅಂಬೇಡ್ಕರರನ್ನು ತೋರಿಸಿ, ನಿಮ್ಮ ನಾಯಕ ನಿಮಗೆ ಸಿಕ್ಕ ಎಂದು ಸಾರಿದವರು. ಆದರೆ ಕೊಲ್ಲಾಪುರದ ಗಾಳಿ ನಮ್ಮ ಹಳ್ಳಿಯ ಗರಡಿಗೆ ಬರುವಷ್ಟರಲ್ಲಿ ಬರೇ ಪಟ್ಟುಗಳು ಬಂದವು, ಮಹಾರಾಜರ ಬುದ್ಧಿ ಬರಲಿಲ್ಲ.

*

ನನ್ನ ಸೋದರಮಾವ ಸೊಲ್ಲಾಪುರದ ಗಿರಣಿಯಲ್ಲಿ ಕೆಲಸಕ್ಕಿದ್ದ. 1970ರ ಸಂಕ್ರಾಂತಿಗೆ ಸಿದ್ಧರಾಮೇಶ್ವರನ ಜಾತ್ರೆ ತೋರಿಸುತ್ತೇನೆ ಎಂದು ನನ್ನನ್ನು ಕರೆದುಕೊಂಡು ಹೋದ. ನನಗಾಗ ಹನ್ನೆರಡು ವರ್ಷ. ಜಾತ್ರೆ ಮುಗಿದ ಮೇಲೆ ಒಂದು ದಿನ ಟಿಕೇಟಿನ ಕುಸ್ತಿ ಮೈದಾನ ಇತ್ತು. ಸುತ್ತ ತಗಡು ಬಡಿದು, ಬಾಗಿಲಲ್ಲಿ ಕಿಂಡಿ ಇಟ್ಟಿದ್ದರು. ಮಾವ ಎರಡು ಟಿಕೇಟು ತೆಗೆದ. ಕಿಂಡಿಯೊಳಗಿನವನು "ಯಾವ ಪೈಕಿ?" ಅನ್ನಲಿಲ್ಲ. ರೊಕ್ಕ ಎಣಿಸಿಕೊಂಡ, ಟಿಕೇಟು ಹರಿದು ಕೊಟ್ಟ.

ಒಳಗೆ ಹೋಗುವ ದಾರಿಯಲ್ಲಿ ನನ್ನ ವಾರಿಗೆಯ ಒಬ್ಬ ಹುಡುಗ ಕಂಕುಳಲ್ಲಿ ಕಾಗದದ ಕಟ್ಟು ಇಟ್ಟುಕೊಂಡು ಕೂಗುತ್ತಿದ್ದ. ಕುಸ್ತಿಗಳ ಪಟ್ಟಿ, ನಾಕಾಣೆಗೆ ಒಂದು. ನನಗೆ ಆಶ್ಚರ್ಯ. ನಮ್ಮೂರಲ್ಲಿ ಗಾಳಿಗೆ ಹಾರಿಬರುವ ಕಾಗದಕ್ಕೆ ಇಲ್ಲಿ ನಾಕಾಣೆ! ಜಾತ್ರೆಯ ಖರ್ಚಿಗೆ ಅವ್ವ ಸೀರೆಯ ಸೆರಗಿನ ಗಂಟು ಬಿಚ್ಚಿ ಕೊಟ್ಟಿದ್ದ ಎಂಟಾಣೆಯಲ್ಲಿ ನಾಕಾಣೆ ಉಳಿದಿತ್ತು. ಅದನ್ನು ಹಿಡಿದು ಆ ಹುಡುಗನ ಮುಂದೆ ನಿಂತೆ. ರೂಢಿ ಎಂಥ ಕೆಟ್ಟದ್ದು ನೋಡಿ: ಎರಡೂ ಅಂಗೈ ಕೂಡಿಸಿ ಬೊಗಸೆ ಮಾಡಿ ಕೆಳಗೆ ಹಿಡಿದೆ. ಊರ ಅಂಗಡಿಯಲ್ಲಿ ಹಾಗೆಯೇ ಹಿಡಿಯಬೇಕಾಗಿತ್ತು. ಬೆಲ್ಲವೋ ಎಣ್ಣೆಯ ಚಿಲ್ಲರೆಯೋ ಮೇಲಿಂದ ಬೀಳುತ್ತಿತ್ತು.

ಆ ಹುಡುಗ ನನ್ನ ಬೊಗಸೆ ನೋಡಿದ. ಅವನಿಗೇನೂ ತಿಳಿಯಲಿಲ್ಲ. ನನ್ನ ಮಣಿಕಟ್ಟು ಹಿಡಿದು ನಾಕಾಣೆ ತೆಗೆದುಕೊಂಡ, ಕಾಗದವನ್ನು ಕೈಯೊಳಗೆ ತುರುಕಿದ, ಮುಂದಿನ ಗಿರಾಕಿಗೆ ಹೋದ. ಅವನಿಗೆ ಅವಸರ. ನನಗೆ ಮಾತ್ರ ಮಣಿಕಟ್ಟು ಬಿಸಿಯಾಗಿತ್ತು. ಅವತ್ತು ಯಾವ ಪೈಲವಾನ ಯಾರನ್ನು ಕೆಡವಿದ ಎಂಬುದು ನನಗೆ ಈಗ ನೆನಪಿಲ್ಲ. ಆ ಹಿಡಿತ ನೆನಪಿದೆ.

ರೊಕ್ಕ ಕೊಟ್ಟರೆ ಜಾತಿ ಹೋಗುತ್ತದೆ ಎಂದು ನಾನು ಹೇಳುತ್ತಿಲ್ಲ. ಪೇಟೆ ನಮ್ಮನ್ನು ಉದ್ಧಾರ ಮಾಡುತ್ತದೆ ಎಂದು ನಂಬುವಷ್ಟು ಹುಡುಗನೂ ಈಗ ನಾನಲ್ಲ. ಅದೇ ಸೊಲ್ಲಾಪುರದಲ್ಲಿ ಮಾವ ಬಾಡಿಗೆ ಮನೆ ಹುಡುಕಲು ಹೋದಾಗ ಅವನ ಹೆಸರಿಗಿಂತ ಮೊದಲು ಅಡ್ಡಹೆಸರು ಕೇಳುತ್ತಿದ್ದರು. ಆದರೆ ಬೇಡಿ ತಂದದ್ದಕ್ಕೂ ಕೊಂಡು ತಂದದ್ದಕ್ಕೂ ಅಂತರವಿದೆ. ಗಾಳಿಗೆ ತೂರಿದ ಕಾಗದವನ್ನು ನಾನು ಹಿಂದೆ ಎಷ್ಟೋ ಹರಿದು ಒಗೆದಿದ್ದೇನೆ. ಇದನ್ನು ಐವತ್ತು ವರ್ಷ ಮೀರಿ ಇಟ್ಟುಕೊಂಡಿದ್ದೇನೆ.

*

ಊರಿಗೆ ಬಂದ ರಾತ್ರಿ ಅಪ್ಪನ ಮುಂದೆ ಆ ಕಾಗದ ಓದಿದೆ. ಅದು ಮರಾಠಿಯದು. ಸಾಲಿಯಲ್ಲಿ ಹಿಂದಿ ಅಕ್ಷರ ಕಲಿತಿದ್ದರಿಂದ ಕೂಡಿಸಿ ಕೂಡಿಸಿ ಓದಿದೆ. ನಮ್ಮ ಮನೆಯವರು ರೊಕ್ಕ ಕೊಟ್ಟು ತಂದ ಮೊದಲ ಅಚ್ಚಿನ ಕಾಗದ ಅದು. ಅಪ್ಪ ಗೋಡೆಗೆ ಒರಗಿ, ಬೀಡಿ ಆರಿದ್ದೂ ತಿಳಿಯದೆ ಕೇಳಿದ. ಕೊನೆಗೆ ಕೇಳಿದ:

"ಹಲಗಿಯವರು ಎಷ್ಟ ಮಂದಿ ಇದ್ದರು?"

"ಆರ ಮಂದಿ ಇದ್ದರು ಯಪ್ಪಾ. ಒಬ್ಬವ ಭಾಳ ಛಲೋ ಬಾರಿಸತಿದ್ದ. ನಿನ್ನಗತೆ."

"ಅವರ ಹೆಸರ ಓದು."

"ಅವರ ಹೆಸರ ಇಲ್ಲ."

"ಪೂರಾ ಓದು. ಅಡಿಗಿನ ಸಾಲೂ ಓದು."

ಅಡಿಗೆ ಸಣ್ಣ ಅಕ್ಷರದಲ್ಲಿ ಒಂದು ಸಾಲು ಇತ್ತು. ಓದಿದೆ. ಅದು ಛಾಪಖಾನೆಯ ಹೆಸರು.

"ಅವ ಯಾರು?"

"ಅಚ್ಚ ಹಾಕಿದವ."

ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದ. "ಅಚ್ಚ ಹಾಕಿದವನ ಹೆಸರ ಅದ, ಕಡೆ ಕೊಟ್ಟವನ ಹೆಸರ ಅದ, ಫೇಟಾ ಸುತ್ತಿದವನ ಹೆಸರೂ ಅದ. ಕುಸ್ತಿ ಆಡಿಸಿದವನ ಹೆಸರ ಇಲ್ಲ" ಅಂದ. ಸಿಟ್ಟಿನಿಂದ ಹೇಳಲಿಲ್ಲ. ಹೊಲದ ಬದುವು ಎಲ್ಲಿದೆ ಎಂದು ಹೇಳಿದ ಹಾಗೆ ಹೇಳಿದ.

ಮುಂದೆ ಮಾಸ್ತರ ಆದ ಮೇಲೆ ನನಗೆ ತಿಳಿಯಿತು, ಛಾಪಖಾನೆಯ ಹೆಸರು ಅಲ್ಲಿ ಸುಮ್ಮನೆ ಇರಲಿಲ್ಲ. 1867ರಲ್ಲಿ ಇಂಗ್ಲಿಷರು ಮಾಡಿದ ಕಾಯ್ದೆಯ ಪ್ರಕಾರ ಅಚ್ಚಾದ ಪ್ರತಿ ಕಾಗದದ ಮೇಲೂ ಅಚ್ಚು ಹಾಕಿದವನ ಹೆಸರು, ಜಾಗ ಇರಲೇಬೇಕಿತ್ತು. ಸರಕಾರಕ್ಕೆ ವಿರೋಧ ಬರೆದವರನ್ನು ಹಿಡಿಯಲು ಅನುಕೂಲ. ಅಂದರೆ ಹೆಸರು ತಾನಾಗಿ ಕಾಗದದ ಮೇಲೆ ಬರುವುದಿಲ್ಲ. ಒಂದೋ ರೊಕ್ಕ ಕೊಡಬೇಕು, ಒಂದೋ ಕಾಯ್ದೆ ಇರಬೇಕು, ಒಂದೋ ಜಗಳ ಮಾಡಬೇಕು. ಅಪ್ಪನ ಹತ್ತಿರ ರೊಕ್ಕವೂ ಇರಲಿಲ್ಲ, ಅವನ ಪಾಲಿಗೆ ಕಾಯ್ದೆಯೂ ಇರಲಿಲ್ಲ.

*

ಈಗ ತಮ್ಮನ ಮಗ ತಂದ ಕಾಗದದ ಕತೆ. ಅವನು ಹೇಳಿದ್ದನ್ನೂ ಆಮೇಲೆ ನಾನು ಓದಿದ್ದನ್ನೂ ಕೂಡಿಸಿ ಹೇಳುತ್ತೇನೆ.

ಬೇಸ್‌ಬಾಲ್ ಆಟದ ಪಟ್ಟಿ ಮಾರಿ ಹೆಸರಾದ ಮನುಷ್ಯ ಹ್ಯಾರಿ ಸ್ಟೀವನ್ಸ್. ಇಂಗ್ಲೆಂಡಿನಿಂದ ಹೊಟ್ಟೆಪಾಡಿಗೆ ಬಂದವನು. 1880ರ ದಶಕದಲ್ಲಿ ಓಹಾಯೋ ರಾಜ್ಯದ ಆಟದ ಬಯಲಿನಲ್ಲಿ ಈ ಧಂದೆ ಶುರು ಮಾಡಿದ. ಪಟ್ಟಿ ಇಲ್ಲದಿದ್ದರೆ ಆಟಗಾರರು ಯಾರು ಯಾರೆಂದು ನಿಮಗೆ ತಿಳಿಯುವುದೇ ಇಲ್ಲ ಎಂದು ಕೂಗಿ ಮಾರುತ್ತಿದ್ದನಂತೆ. ನಿಜವೇ. ಆಗ ಆಟಗಾರರ ಬೆನ್ನಿನ ಮೇಲೆ ನಂಬರು ಇರಲಿಲ್ಲ. ಕಾಗದದಲ್ಲಿ ಇದ್ದವನೇ ಆಟಗಾರ.

ಅದೇ ಓಹಾಯೋ ರಾಜ್ಯದ ಟೊಲೀಡೊ ಊರಿನ ತಂಡದಲ್ಲಿ 1884ರಲ್ಲಿ ಮೋಸೆಸ್ ಫ್ಲೀಟ್‌ವುಡ್ ವಾಕರ್ ಎಂಬ ಕರಿಯ ಆಟಗಾರನಿದ್ದ. ದೊಡ್ಡ ಲೀಗಿನಲ್ಲಿ 42 ಆಟ ಆಡಿದ. ಅವನ ತಮ್ಮನೂ ಕೆಲವು ಆಟ ಆಡಿದ. ಆಮೇಲೆ ಬಾಗಿಲು ಮುಚ್ಚಿತು. ಕರಿಯರು ಆಡಬಾರದು ಎಂದು ದೊಡ್ಡ ಲೀಗುಗಳಲ್ಲಿ ಬರೆದಿಟ್ಟ ನಿಯಮ ಇರಲಿಲ್ಲ. ಮಾಲೀಕರು ಮಾಲೀಕರು ಕಣ್ಣಲ್ಲೇ ಮಾತಾಡಿಕೊಂಡ ನಿಯಮ. ನಮ್ಮ ಊರ ಬಾವಿಯ ಮೇಲೂ ಬೋರ್ಡು ಇರಲಿಲ್ಲವಲ್ಲ, ಹಾಗೆ. ಅರವತ್ತು ವರ್ಷಕ್ಕೂ ಹೆಚ್ಚು ಕಾಲ ಆ ಬಾಗಿಲುಗಳಲ್ಲಿ ಮಾರಿದ ಲಕ್ಷಗಟ್ಟಲೆ ಪಟ್ಟಿಗಳಲ್ಲಿ ಒಬ್ಬ ಕರಿಯನ ಹೆಸರೂ ಆ ದೊಡ್ಡ ತಂಡಗಳ ಸಾಲಿನಲ್ಲಿ ಬರಲಿಲ್ಲ. ಅವರು ತಮ್ಮದೇ ಲೀಗು ಕಟ್ಟಿಕೊಂಡು ಆಡಿದರು.

1947ರ ಏಪ್ರಿಲ್ 15ರಂದು ನ್ಯೂಯಾರ್ಕಿನ ಬ್ರೂಕ್ಲಿನ್ನಿನಲ್ಲಿ ಜಾಕಿ ರಾಬಿನ್ಸನ್ ಮೈದಾನಕ್ಕೆ ಇಳಿದ. ಬೆನ್ನ ಮೇಲೆ 42ನೇ ನಂಬರು. ನೋಡುವವರಿಂದ ಬೈಗುಳ, ಎದುರು ತಂಡದವರಿಂದ ಬೈಗುಳ. ಎಲ್ಲ ನುಂಗಿಕೊಂಡು ಆಡಿದ. ಇದಕ್ಕೆ ಹಿಂದಿನ ವರ್ಷ, 1946ರಲ್ಲಿ, ಬಾಬಾಸಾಹೇಬರು ಕರಿಯರ ನಾಯಕ ಡುಬಾಯ್ಸ್ ಅವರಿಗೆ ಪತ್ರ ಬರೆದು, ನಿಮ್ಮ ಸ್ಥಿತಿಗೂ ನಮ್ಮ ಸ್ಥಿತಿಗೂ ಬಹಳ ಹೋಲಿಕೆಯಿದೆ ಎಂದಿದ್ದರು. ಮುಂದೆ 1972ರಲ್ಲಿ ಮುಂಬಯಿಯ ನಮ್ಮ ತರುಣರು ಕರಿಯರ ಬ್ಲ್ಯಾಕ್ ಪ್ಯಾಂಥರ್ ಹೆಸರನ್ನೇ ತೆಗೆದುಕೊಂಡು ದಲಿತ ಪ್ಯಾಂಥರ್ ಕಟ್ಟಿದರು. ಸಂಬಂಧ ಹಳೆಯದು.

ಈಗ ಪ್ರತಿ ಏಪ್ರಿಲ್ 15ಕ್ಕೆ ಅಲ್ಲಿ ಎಲ್ಲ ತಂಡದ ಎಲ್ಲ ಆಟಗಾರರೂ 42 ನಂಬರಿನ ಅಂಗಿಯನ್ನೇ ತೊಡುತ್ತಾರೆ. ನಮ್ಮ ಜಯಂತಿಯ ಮರುದಿನ ಹುಡುಗ ನೋಡಿದ್ದು ಅದನ್ನೇ.

"ದೊಡ್ಡಪ್ಪ, ಎಲ್ಲಾರ ಬೆನ್ನಮ್ಯಾಲೂ 42! ಯಾರ ಯಾರಂತ ತಿಳೀಲಿಲ್ಲ. ಅವತ್ತ ಈ ಕಾಗದ ಖರೇನ ಬೇಕಾತು" ಅಂದ.

ಅದಕ್ಕಿಂತ ನನ್ನ ಮನಸ್ಸಿಗೆ ನಾಟಿದ್ದು ಇನ್ನೊಂದು ಸಂಗತಿ. 2020ರಲ್ಲಿ ಅಲ್ಲಿಯವರು, ಕರಿಯರು 1920ರಿಂದ 1948ರವರೆಗೆ ಆಡಿದ ಲೀಗುಗಳೂ ದೊಡ್ಡ ಲೀಗುಗಳೇ ಎಂದು ಒಪ್ಪಿಕೊಂಡರು. 2024ರಲ್ಲಿ ಆ ಅಂಕಿಗಳನ್ನು ಮುಖ್ಯ ದಫ್ತರಕ್ಕೆ ಸೇರಿಸಿದರು. ಸೇರಿಸಿ ಲೆಕ್ಕ ಹಾಕಿದರೆ, ಬ್ಯಾಟಿಂಗ್ ಸರಾಸರಿಯಲ್ಲಿ ಎಲ್ಲರಿಗಿಂತ ಮೇಲೆ ಬಂದ ಹೆಸರು ಜಾಶ್ ಗಿಬ್ಸನ್. ಅವನು ಕರಿಯರ ಲೀಗಿನವನು. ರಾಬಿನ್ಸನ್ ಮೈದಾನಕ್ಕೆ ಇಳಿಯುವ ಮೂರು ತಿಂಗಳು ಮೊದಲು, 1947ರ ಜನವರಿಯಲ್ಲೇ ಸತ್ತುಹೋಗಿದ್ದ. ಸತ್ತು 77 ವರ್ಷದ ಮೇಲೆ ಕಾಗದ ತಿದ್ದಿದರು. ತಡವಾಯಿತು. ಆದರೂ ತಿದ್ದಿದರು. ನಮ್ಮಲ್ಲಿ ತಿದ್ದಬೇಕಾದ ದಫ್ತರ ಯಾವ ಕಪಾಟಿನಲ್ಲಿದೆ?

*

ಹಾಗಾದರೆ ಹೆಸರು ಅಚ್ಚಾದರೆ ಎಲ್ಲ ಸರಿಹೋಯಿತೆ? ಇಲ್ಲ. ಅದಕ್ಕೆ ಅಮೆರಿಕಾಕ್ಕೆ ಹೋಗುವುದು ಬೇಡ, ಧಾರವಾಡಕ್ಕೆ ಹೋದರೆ ಸಾಕು.

ಪಾಲವಣಕರ ಬಾಳೂ 1870ರ ದಶಕದಲ್ಲಿ ಧಾರವಾಡದಲ್ಲಿ ಹುಟ್ಟಿದವನು. ಚಮ್ಮಾರರ ಮಗ. ಪುಣೆಯಲ್ಲಿ ಇಂಗ್ಲಿಷರ ಕ್ಲಬ್ಬಿನಲ್ಲಿ ತಿಂಗಳಿಗೆ ನಾಲ್ಕು ರೂಪಾಯಿ ಪಗಾರಕ್ಕೆ ಪಿಚ್ಚು ಉರುಳಿಸುವ, ಬಲೆ ಕಟ್ಟುವ ಕೆಲಸ ಮಾಡುತ್ತಿದ್ದ. ಸಾಹೇಬರ ಅಭ್ಯಾಸಕ್ಕೆ ಚೆಂಡು ಎಸೆದು ಎಸೆದು ದೇಶದ ದೊಡ್ಡ ಬೌಲರ್ ಆದ. ಹಿಂದೂಗಳ ತಂಡಕ್ಕೆ ಅವನು ಬೇಕಾಯಿತು, ಯಾಕೆಂದರೆ ಗೆಲ್ಲಬೇಕಿತ್ತು. ಮೈದಾನದೊಳಗೆ ಅವನು ಮುಟ್ಟಿದ ಚೆಂಡನ್ನು ಎಲ್ಲರೂ ಮುಟ್ಟುತ್ತಿದ್ದರು. ಚಹಾದ ಹೊತ್ತಿಗೆ ಮಾತ್ರ ಅವನು ಹೊರಗೆ ನಿಲ್ಲಬೇಕು. ಅವನ ಚಹಾ ಮಣ್ಣಿನ ಕುಡಿಕೆಯಲ್ಲಿ, ಅವನ ಊಟ ಬೇರೆ ತಾಟಿನಲ್ಲಿ.

1911ರಲ್ಲಿ ಭಾರತದ ತಂಡ ಇಂಗ್ಲೆಂಡಿಗೆ ಹೋದಾಗ ಅವನೊಬ್ಬನೇ 114 ವಿಕೆಟ್ ತೆಗೆದ. ಪೇಪರುಗಳು 'ಬೌಲ್ಡ್ ಬಾಳೂ' ಎಂದು ಸಾಲುಸಾಲಾಗಿ ಅಚ್ಚು ಹಾಕಿದವು. ಆ ಪಟ್ಟಿ ನೋಡಿದವರಿಗೆ ಅವನು ಎಷ್ಟು ವಿಕೆಟ್ ತೆಗೆದ ಎಂದು ತಿಳಿಯುತ್ತದೆ, ಚಹಾ ಎಲ್ಲಿ ನಿಂತು ಕುಡಿದ ಎಂದು ತಿಳಿಯುವುದಿಲ್ಲ. ಇಷ್ಟಾದರೂ ಹಿಂದೂ ತಂಡದ ಕ್ಯಾಪ್ಟನ್ ಪಟ್ಟ ಅವನಿಗೆ ಕಟ್ಟಲಿಲ್ಲ. ಅಣ್ಣತಮ್ಮಂದಿರು ಜಗಳವಾಡಿ, ತಂಡ ಬಿಟ್ಟು ಹೊರಗೆ ನಿಂತ ಮೇಲೆ 1923ರಲ್ಲಿ ತಮ್ಮ ವಿಠ್ಠಲನಿಗೆ ಸಿಕ್ಕಿತು. ಬಾಳೂ ರಾಜಕಾರಣದಲ್ಲಿ ಬಾಬಾಸಾಹೇಬರ ಎದುರು ಹೋದ. 1937ರ ಚುನಾವಣೆಯಲ್ಲಿ ಕಾಂಗ್ರೆಸ್ಸಿನಿಂದ ಅವರ ವಿರುದ್ಧವೇ ನಿಂತು ಸೋತ. ಅದನ್ನು ಮುಚ್ಚಿಡಬೇಕಾಗಿಲ್ಲ. ಆದರೆ ಆ ಕುಡಿಕೆಯನ್ನೂ ಮರೆಯಬೇಕಾಗಿಲ್ಲ. ಧಾರವಾಡದಲ್ಲಿ ಮಾಸ್ತರಿಕೆ ಕಲಿತ ನನಗೆ ಅವನ ಹೆಸರು ಒಂದು ಪಾಠದಲ್ಲೂ ಸಿಗಲಿಲ್ಲ.

*

1984ರಲ್ಲಿ ನಾನು ಮಾಸ್ತರ ಆಗಿ ನಾಲ್ಕು ವರ್ಷ ಆಗಿತ್ತು. ಸಂಘಟನೆಯ ಗಾಳಿ ನಮ್ಮ ಕಡೆಗೂ ಬೀಸಿತ್ತು. ಜಾತ್ರೆಯ ಮುಂಚೆ ಕಮಿಟಿಯವರ ಹತ್ತಿರ ಹೋಗಿ ಹೇಳಿದೆ: "ಈ ಸಲ ಹ್ಯಾಂಡಬಿಲ್ಲಿನ್ಯಾಗ ಹಲಗಿಯವರ ಹೆಸರು ಹಾಕ್ರಿ. ಐದು ಮಂದಿ ಅದಾರ." ಜಗಳ ಆಗಬಹುದು ಅಂದುಕೊಂಡಿದ್ದೆ. ಆಗಲಿಲ್ಲ. "ಹಾಕೂಣಂತ್ರಿ ಮಾಸ್ತರ, ಅದರಾಗೇನದ" ಅಂದರು. ಖುಷಿಯಿಂದ ಮನೆಗೆ ಬಂದೆ.

ಹ್ಯಾಂಡಬಿಲ್ಲು ಬಂತು. ಕೊನೆಯಲ್ಲಿ ಒಂದು ಸಾಲು: 'ಹಲಗಿ ಸೇವೆ: ಕೇರಿಯವರು.'

ನಾನು ಅದನ್ನು ಅಪ್ಪನಿಗೆ ಓದಿ ಹೇಳಿದೆ. ಸ್ವಲ್ಪ ಸುಧಾರಣೆಯಾದರೂ ಆಯಿತಲ್ಲ ಎಂಬ ಸಮಾಧಾನ ನನ್ನ ದನಿಯಲ್ಲಿ ಇತ್ತೇನೋ. ಅಪ್ಪ ಕೇಳಿದ: "ಕೇರಿಯವರು ಅಂದ್ರ ಯಾರ ಹೆಸರೋ? ಸೇವಾ ಅಂದ್ರೇನು?" ನಾನು ಅರ್ಥ ಹೇಳಲು ಬಾಯಿ ತೆರೆಯುವಷ್ಟರಲ್ಲಿ ಅವನೇ ಅಂದ: "ಸೇವಾ ಅಂದ್ರ ರೊಕ್ಕ ಇಲ್ಲ ಅಂತ ಅರ್ಥ. ಇದನ್ನ ಅಚ್ಚ ಹಾಕಿಸಾಕ ಹೋಗಿದ್ದೇನ ನೀನು?"

ಓದಿದ ನನಗೆ ಕಾಣದ್ದು ಓದದ ಅವನಿಗೆ ಕಂಡಿತ್ತು. ಬಾಯಿಮಾತಿನಲ್ಲಿದ್ದ ಬಿಟ್ಟಿ ಚಾಕರಿಯನ್ನು ನಾನು ಹೋಗಿ ದಸ್ತಾವೇಜು ಮಾಡಿಸಿಕೊಂಡು ಬಂದಿದ್ದೆ.

ಆ ವರ್ಷ ಅಪ್ಪ ಹಲಗಿಯನ್ನು ಗೂಟಕ್ಕೆ ಸಿಕ್ಕಿಸಿದ. "ಬಾರಸೂದಿಲ್ಲ" ಅಂದ. ಉಳಿದ ನಾಲ್ವರೂ ಅವನ ಹಿಂದೆ ನಿಂತರು. ಊರವರು ಬಂದು ಮೊದಲು ನಯವಾಗಿ ಹೇಳಿದರು, ಆಮೇಲೆ ದೇವರ ಹೆಸರಿನಲ್ಲಿ ಹೆದರಿಸಿದರು, ಕೊನೆಗೆ ಹೊಲದ ಕೆಲಸಕ್ಕೆ ಕರೆಯುವುದು ಬಿಟ್ಟರು. ಆ ಸುಗ್ಗಿಯಲ್ಲಿ ಆಯದ ಜೋಳ ಬರಲಿಲ್ಲ. ನನ್ನ ಪಗಾರದಲ್ಲಿ ಎರಡು ಮನೆ ನಡೆದವು. ಉಳಿದ ನಾಲ್ಕು ಮನೆಗಳಲ್ಲಿ ಮಾಸ್ತರ ಇರಲಿಲ್ಲ. ಅವರು ಗಂಟು ಕಟ್ಟಿಕೊಂಡು ಹೊಳೆ ದಾಟಿದರು. ಹೋರಾಟದ ಲೆಕ್ಕ ಬರೆಯುವಾಗ ಇದನ್ನೂ ಬರೆಯಬೇಕು.

ಕಮಿಟಿಯವರು ಹೊಳೆ ಆಚೆಯಿಂದ ಹಲಗಿಯವರನ್ನು ಕರೆಸಿದರು. ಮುನ್ನೂರು ರೂಪಾಯಿ, ಎರಡು ಊಟ. ಸುದ್ದಿ ಕೇಳಿ ಅಪ್ಪ ಬಹಳ ದಿನದ ಮೇಲೆ ನಕ್ಕ. "ನೋಡಿದ್ಯಾ, ಹಲಗಿಗಿ ಕಿಮ್ಮತ್ತದ. ನಮ್ಮ ಕೈಯಾಗ ಇದ್ದಾಗ ಮಾತ್ರ ಇದ್ದಿಲ್ಲ."

*

ಹಲಗಿ ಬಾರಿಸುವುದನ್ನು ಬಿಡಬೇಕೆ, ನಮ್ಮ ಕಲೆ ಎಂದು ಇಟ್ಟುಕೊಳ್ಳಬೇಕೆ ಎಂದು ನಮ್ಮ ಸಭೆಗಳಲ್ಲಿ ಎಷ್ಟೋ ರಾತ್ರಿ ಚರ್ಚೆ ಮಾಡಿದ್ದೇವೆ. ನನ್ನ ಅಪ್ಪ ಒಂದು ಸಭೆಗೂ ಬಂದವನಲ್ಲ. ಏಳು ವರ್ಷ ಗೂಟದಲ್ಲಿದ್ದ ಹಲಗಿಯನ್ನು ಅವನು 1991ರ ಏಪ್ರಿಲ್ 14ರಂದು ಇಳಿಸಿದ. ಬಾಬಾಸಾಹೇಬರು ಹುಟ್ಟಿ ನೂರು ವರ್ಷ. ಕೇರಿಯ ಹುಡುಗರು ಪಟ್ಟಿ ಎತ್ತಿ ಮೆರವಣಿಗೆ ಇಟ್ಟಿದ್ದರು, ಹ್ಯಾಂಡಬಿಲ್ಲು ಹಾಕಿಸಿದ್ದರು. ಅದರಲ್ಲಿ ಭಾಷಣಕಾರರ ಸಾಲಿನ ಸರಿಜೋಡಿ ಅಕ್ಷರದಲ್ಲಿ ಹಲಗಿಯವರ ಹೆಸರುಗಳು. ಮೊದಲ ಹೆಸರು ಅಪ್ಪನದು, ಹಿಂದೆ 'ಶ್ರೀ'. ಬಾರಿಸಿದ್ದಕ್ಕೆ ತಲಾ ಐವತ್ತು ರೂಪಾಯಿ ಮೊದಲೇ ಕೈಯಲ್ಲಿ ಇಟ್ಟಿದ್ದರು.

"ಎಲ್ಲ್ಯದ ನನ್ನ ಹೆಸರು? ಬಟ್ಟ ಇಟ್ಟ ತೋರಸು" ಅಂದ. ಅವನ ಬೆರಳು ಹಿಡಿದು ಹೆಸರಿನ ಮೇಲೆ ಇಟ್ಟೆ. ಹಲಗಿ ಬಾರಿಸಿ ದಡ್ಡುಗಟ್ಟಿದ ಬೆರಳು. ಛಾಪಖಾನೆಯವರ ತಪ್ಪಿನಿಂದ ಹೆಸರಿನ ನಡುವಿನ ಒಂದು ಅಕ್ಷರ ಬಿಟ್ಟುಹೋಗಿತ್ತು. ನಾನು ಅವನಿಗೆ ಹೇಳಲಿಲ್ಲ. ಅವತ್ತು ರಾತ್ರಿ ಪೆನ್ನಿನಿಂದ ತಿದ್ದಿ ಸೊಲ್ಲಾಪುರದ ಕಾಗದದ ಜೊತೆ ಟ್ರಂಕಿನಲ್ಲಿ ಇಟ್ಟೆ. ಅಪ್ಪ ತೀರಿಕೊಂಡು ಬಹಳ ವರ್ಷವಾಯಿತು. ಹಲಗಿ ಇದೆ, ಕಾಗದವೂ ಇದೆ.

ನೇಮಕವಾದ ದಿನದಿಂದ ನಿವೃತ್ತಿಯ ತನಕ ನಾನು ಕೆಲಸ ಮಾಡಿದ ಸಾಲೆಗಳಲ್ಲಿ ಆಟೋಟದ ಪಟ್ಟಿ ಬರೆಯುವ ಕೆಲಸ ಕೇಳಿ ತೆಗೆದುಕೊಂಡಿದ್ದೇನೆ. ಓಡುವ ಹುಡುಗರ ಹೆಸರಿನ ಜೊತೆ ಸುಣ್ಣದ ಗೆರೆ ಹಾಕಿದವನ ಹೆಸರು, ನೀರು ತಂದಿಟ್ಟವಳ ಹೆಸರು ಬರೆದಿದ್ದೇನೆ. ಮುಖ್ಯ ಅತಿಥಿಗಳು ನಕ್ಕದ್ದುಂಟು. ತಮ್ಮನ ಮಗ ತಂದ ಈ ನುಣುಪು ಕಾಗದವನ್ನೂ ಅಪ್ಪ ಹೇಳಿದ ಹಾಗೆ ಅಡಿಗಿನ ಸಾಲಿನ ತನಕ ಓದಿಸಿದೆ. ಆಟಗಾರರ ಹೆಸರಿದೆ, ಮಾಲೀಕರ ಹೆಸರಿದೆ, ಜಾಹೀರಾತು ಕೊಟ್ಟವರ ಹೆಸರಿದೆ. ಆಟ ಮುಗಿದ ಮೇಲೆ ಆ ಸಾವಿರಾರು ಖುರ್ಚಿಗಳ ಕೆಳಗಿನ ಕಸ ಬಳಿಯುವವರ ಹೆಸರಿಲ್ಲ.

ಗೆಳೆಯರೇ, ನೀವು ಜಯಂತಿ ಮಾಡುತ್ತೀರಿ, ಕಬಡ್ಡಿ ಆಡಿಸುತ್ತೀರಿ, ಬೀದಿ ನಾಟಕ ಕಟ್ಟುತ್ತೀರಿ. ಕರಪತ್ರ ಹಾಕಿಸುವಾಗ ಅಡಿಗಿನ ಸಾಲನ್ನು ಮೊದಲು ಬರೆಯಿರಿ. 'ಸೇವೆ' ಅಂತ ಬರೆಯಬೇಡಿ, ಹೆಸರು ಬರೆಯಿರಿ. ಬಾರಿಸಿದವರಿಗೆ ರೊಕ್ಕ ಕೊಡಿ. ಹಂಚುವಾಗ ಸೈಕಲ್ ಇಳಿದು ಕೈಗೆ ಕೊಡಿ.